ಮೂರ್ ಹಾಳೆ ಮಾತು, ನಿಲ್ಲದ ರೈಲು

ಅಲ್ಲ ಮತ್ತೆ, ಸಿನಿಮಾದೋರೇನು ನನ್ನ ಹುಡ್ಕಂಡು ಬಂದಿದ್ದಲ್ಲ, ಬಂದಿದ್ದು ದೋಣಿಗಲ್ ಸ್ಟೇಷನ್‌ಗೆ, ರೈಲಿನ ಸೀನು ತೆಗೆಯಕ್ಕೆ. ಅಲ್ಲಿ ಯಾರೋ ಹೇಳವ್ರೆ, ಕೆ. ಹೊಸಕೋಟೇಲಿ ಒಬ್ಬಮ್ಮ ಮಹಿಳಾ ಸಂಘಕ್ಕೆ ನಾಟ್ಕ ಬರೀತಾರೆ, ನೋಡ್ದೋರು ಅತ್ತೂ ಅತ್ತೂ ಸೆರಗು ಒದ್ದೆ ಮಾಡ್ಕಂತಾರೆ ಅಂತ. ಡೈರೆಕ್ಟ್ರು ಬಂದ, ಚಿಕ್ ವಯಸ್ಸು. "ಅಮ್ಮಾ, ಗಂಡ ಊರು ಬಿಟ್ಟು ಹೋಗ್ತಾನೆ, ಹೆಂಡ್ತಿ ಸ್ಟೇಷನ್‌ಗೆ ಬರ್ತಾಳೆ. ಅಷ್ಟೇ ಸೀನು, ಬರ್ಕೊಡಿ" ಅಂದ. ನಾನು ಬುಡ್ತೀನಾ? ಮೂರ್ ಹಾಳೆ ಬರ್ದೆ ಕಣ್ರೋ. ತಾಳಿಯಿಂದ ಹಿಡ್ದು ಹಿತ್ಲು ಬದನೆಕಾಯಿಗಂಟ ಆ ಹೆಂಡ್ತಿ ಕೈಲಿ ಮಾತಾಡ್ಸಿದೀನಿ.

ಶೂಟಿಂಗ್ ದಿನ ರೈಲು ಬಂತು. ಹೆಂಡ್ತಿ ಪಾರ್ಟು ಮಾಡೋ ಹುಡ್ಗಿ "ಪ್ರಾಣನಾಥಾ" ಅಂದ್ಲು ನೋಡು, ಎರಡ್ನೇ ಸಾಲು ಇನ್ನ ಬಾಯಿಗೇ ಬಂದಿಲ್ಲ, ರೈಲು ಹೊಂಟೋಯ್ತು. ಗಂಡ ಆಗಿದ್ದೋನೂ ಅದ್ರಲ್ಲೇ ಸಕಲೇಶಪುರಕ್ಕೆ ಹೋಗ್ಬುಟ್ಟ, ಜೀಪಲ್ಲಿ ಹೋಗಿ ಕರ್ಕಂಡ್ ಬಂದ್ರು. ನಾನಂದೆ, "ರೈಲ್ನ ಒಸಿ ನಿಲ್ಲುಸ್ರಪ್ಪ." ನಮ್ ನಾಟ್ಕದ ರೈಲು ರಟ್ಟಿಂದು, ಇಬ್ರು ಎಳೆಯೋರು, ನಾನು ಕೈ ಎತ್ತೋಗಂಟ ಅಲ್ಲಾಡ್ತಿರ್ಲಿಲ್ಲ. ಡೈರೆಕ್ಟ್ರು, "ಅಮ್ಮಾ, ನಾಳೆನೂ ಒಂದೇ ನಿಮಿಷ ನಿಲ್ಲೋದು. ಬೆಳಿಗ್ಗೆಗೆ ಸರಿ ಮಾಡ್ಕೊಡ್ದೆ ಇದ್ರೆ ಬೇರೆಯವ್ರ ಹತ್ರ ಬರೆಸ್ತೀನಿ" ಅಂದ. ನಂಗೆ ಮಕ ಎಲ್ಲಿಟ್ಕಳ್ಳದು ಗೊತ್ತಾಗ್ಲಿಲ್ಲ. ಊರಿಗೆಲ್ಲಾ ಹೇಳ್ಕಂಡ್ ಬಂದಿದ್ನಲ್ಲ.

ಸಂಜೆ ಮನೇಗ್ ಬಂದು ಕಾಫಿ ಕಾಯಿಸ್ದೆ. ತಲೆ ಎಲ್ಲಿತ್ತೋ, ಸಕ್ರೆ ಅಂತ ಉಪ್ ಹಾಕ್ಬುಟ್ಟಿದೀನಿ. ನಿಮ್ ತಾತ ಒಂದ್ ಗುಟುಕು ಕುಡುದ್ರು. ನನ್ ಮಕ ನೋಡುದ್ರು. ಆಮೇಲೆ ಪೂರ್ತಿ ಕುಡುದ್ರು, ಲೋಟ ತೊಳ್ದು ಬೋರಲಾಕಿ, ನನ್ ಪಕ್ಕದಲ್ಲಿ ಪೆನ್ನಿಟ್ಟು ತೋಟಕ್ ಹೋದ್ರು. ನಾನ್ ಕುಡುದ್ರೆ, ಅಯ್ಯೋ ಶಿವನೆ, ಸಮುದ್ರ. ನಕ್ಕೆ, ಆಮೇಲೆ ಅತ್ತೆ, ಇಲ್ಲ ಇಲ್ಲ, ಮೊದ್ಲು ಅತ್ತೆ. ಆ ಮನ್ಷ ಏನೂ ಹೇಳ್ದಲೆ ಎಲ್ಲಾ ಹೇಳ್ಬುಟ್ಟಿತ್ತು.

ಅಲ್ಲೇ ಕೂತು ನಾಕೇ ಸಾಲು ಬರ್ದೆ. ಹೆಂಡ್ತಿ ರೊಟ್ಟಿ ಕಟ್ಕಂಡು ಓಡ್ ಬತ್ತಾಳೆ. ರೈಲು ಹೊಂಟೈತೆ. ಗಂಡ ಕಿಟಕೀಲಿ ಕೈ ಚಾಚ್ತಾನೆ. ರೊಟ್ಟಿ ಗಂಟು ಇವಳ ಕೈಲೇ ಉಳಿತದೆ. ಬೆಳಿಗ್ಗೆ ಡೈರೆಕ್ಟ್ರು ಓದ್ದ, ಹಾಳೆ ತಿರುಗ್ಸಿ ಹಿಂದೆನೂ ನೋಡ್ದ. "ಮಾತೆಲ್ಲಮ್ಮಾ?" "ಇಲ್ಲ ಕಣಪ್ಪ." ತಲೆ ಕೆರ್ಕಂಡ, ಇನ್ನೊಂದ್ ಸಲ ಓದ್ದ, "ಮುಂದಿನ್ ಸೀನೂ ನೀವೇ ಬರೀರಿ" ಅಂದ.

ಸಿನಿಮಾ ನೋಡಕ್ಕೆ ಹಾಸನಕ್ಕೆ ಹೋದ್ವಿ. ತಾತ ಕೇಳುದ್ರು, "ನೀನ್ ಬರ್ದಿದ್ದು ಯಾವ್ದೇ?" "ಅವ್ಳು ಸುಮ್ನೆ ನಿಂತವ್ಳಲ್ಲ, ಅದೇ." "ಅಂಗೆ ಬರ್ಯಕ್ಕೆ ಬತ್ತದೆ, ಮನೇಲಿ ಸುಮ್ನಿರಕ್ಕೆ ಬರಲ್ವಲ್ಲೇ" ಅಂದ್ರು.

ಎಲ್ಲಾನೂ ಬಾಯಲ್ಲೇ ಹೇಳ್ಬಾರ್ದು ಕಣ್ರೋ, ಎದ್ರಿಗಿರೋರ್ಗೂ ಒಸಿ ಬುಡ್ಬೇಕು. ಸಾಕು, ಏಳಿ, ಕೈ ತೊಳ್ಕಳಿ.