ಸಾವ್ಕಾರನ ಉಸಿರಿನ ಎಣಿಕೆ

…ನವೆಂಬರ್ ಹದಿನಾಲ್ಕು, ಶುಕ್ರವಾರ. ನೋಡು, ತಾರೀಖು ಸಮೇತ ಅದ. "ಸಾವ್ಕಾರ ನೆಲಕ್ಕ ಹೊಟ್ಟಿ ಹಚ್ಚಿ, ಕುತ್ತಿಗಿ ಮುಂದ ಚಾಚಿ ಕೆಮ್ಮಿದ. ಗಂಟಲದಾಗ ಕೂದಲ ಸಿಕ್ಕಿರಬೇಕು." ಹೋದ ವರ್ಷದ ಡೈರಿ ಇದು. ಹಾಳಿ ಉಳದಾವ ಅಂತ ಇನ್ನೂ ಇದರಾಗ ಬರೀತೀನಿ. ಯಾಕ ನಗ್ತಿ, ಅಂಬಿಕಾ? ಬೆಕ್ಕಿಗೂ ಡೈರಿ ಇಡೋ ಅತ್ತಿ ಯಾರಿಗ ಸಿಗ್ತಾಳ? ಪುಣ್ಯ ಮಾಡಿ ನನ್ನ ಸೊಸಿ ಆಗೀದಿ.

ಕುಂದ್ರು, ಕುಂದ್ರು. ಆ ಬಾಗಲ ನೋಡಿಕೊಂತ ನಿಂತ್ರ ಡಾಕ್ಟರು ಜಲ್ದಿ ಬರೂದಿಲ್ಲ. ಸಾವ್ಕಾರನ್ನ ಪೆಟ್ಟಿಗ್ಯಾಗ ಇಟ್ಟು ಆಕ್ಸಿಜನ್ ಬಿಟ್ಟಾರ, ತ್ರಾಸ ಕಡಿಮಿ ಆಗ್ಯದ ಅಂದ್ರು. ದನದ ದವಾಖಾನಿ ಇದು, ಸ್ವಲ್ಪ ಈಕಡಿ ಸರಿ, ಆ ಆಡು ನಿನ್ನ ಸೆರಗ ತಿನ್ನಾಕತ್ತದ!

ಕೂದಲಲ್ಲ, ದಮ್ಮು ಅಂತ ತಿಳೀಲಿಕ್ಕೆ ನನಗ ತಿಂಗಳ ಹಿಡೀತು. ಒಪ್ಪಿಕೊಂತೀನಿ. ಕೂದಲಾಗಿದ್ರ ಹೊರಗ ಬೀಳಬೇಕಿತ್ತಲ್ಲ? ಏನೂ ಬೀಳಲಿಲ್ಲ. ಡಿಸೆಂಬರದಾಗ ಇದೇ ಡಾಕ್ಟರು ಹೇಳಿದ್ರು, "ಅವ ಮಲಗಿದಾಗ ಎದಿ ಏರಿ ಇಳಿದ್ರ ಒಂದು ಅಂತ ಎಣಿಸ್ರಿ, ನಿಮಿಷಕ್ಕ ಮೂವತ್ತು ದಾಟಿದ್ರ ಫೋನ್ ಮಾಡ್ರಿ." ಎಣಿಸಿದವರು ಯಾರು? ನೀ ಸಾಲಿಗೆ ಕಲಸ್ಲಿಕ್ಕೆ ಹೋಗ್ತಿ. ನಿಮ್ಮ ಮಾವಗ ಹತ್ತು ಎಣಿಸೂದ್ರಾಗ ನಿದ್ದಿ ಹತ್ತತದ, ಬೆಕ್ಕಿಗಿಂತ ಮೊದಲ! ನಾನ ಎಣಿಸಿದೆ. ದಾನಮ್ಮ, ಬಿ.ಎಸ್ಸಿ.!

ಇವತ್ತೂ ಅಷ್ಟ. ನೀ ಸಾಲಿಯಿಂದ ಬಂದಿ. ಅವ ಪರಸಿ ಕಲ್ಲಿನ ಮ್ಯಾಲ ಬಾಯಿ ತೆರೆದು ಕುಂತಿದ್ದ, ಹೊಟ್ಟಿ ತಿದಿ ಹಂಗ ಹೊಡಕೊಳ್ಳಾಕತ್ತಿತ್ತು, ನಾಲಿಗಿ ನೀಲಿ. ನೀ ಏನ ಮಾಡಿದಿ? ಚಮಚದಾಗ ನೀರ ತಂದಿ! ಉಸಿರಿಗೆ ಒದ್ದಾಡೋ ಜೀವಕ್ಕ ನೀರ ಹಾಕಿದ್ರ ನೆತ್ತಿಗೆ ಏರತದ, ಹುಚ್ಚಿ. ಎತ್ತಿ ಅಪ್ಪಿಕೊಳ್ಳಾಕ ಹೋದಿ, ಅದನ್ನೂ ಬಿಡಿಸಿದೆ. ನಿಮ್ಮ ಮಾವ ಎದಿಗೆ ಹಚ್ಚಲಿಕ್ಕೆ ವಿಕ್ಸ್ ಡಬ್ಬಿ ಹಿಡಕೊಂಡು ಬಂದ್ರು, ಕೈ ಮ್ಯಾಲ ಒಂದು ಕೊಟ್ಟೆ. ಗಾಳಿ ಆಡೋ ಬುಟ್ಟಿ, ಕಿಟಕಿ ತೆರೆದ ಗಾಡಿ, ಡಾಕ್ಟರಿಗೆ ಮೊದಲ ಫೋನು. ಕುರಕುಂಟಾದಿಂದ ಸೇಡಂತನಕ ನೀ ಅಳಾಕತ್ತಿದ್ದಿ, ನಾ ಎಣಸಾಕತ್ತಿದ್ದೆ. ಅರವತ್ತಾರು.

ಏನಂದಿ? ಹೌದು, ಡಾಕ್ಟರು ಕೇಳಿದ್ರು. "ಮನ್ಯಾಗ ಹೊಗಿ ಏನಾದ್ರೂ?" ಅಂದ್ರು. ಇಲ್ಲ ಅಂದೆ. ತೊಗರಿ ರಾಶಿ ಧೂಳು ಅಂತ ಹೇಳಿದೆ. ಸುಳ್ಳೇನ ಅದು? ಊರ ತುಂಬ ಧೂಳು… ರಾಶಿ ಮುಗೀತೇನು? ಸಂಕ್ರಾಂತಿಗೇ? ಹೌದಲ್ಲ, ಈಗ ಫೆಬ್ರವರಿ. ಅದು… ಗಾಳ್ಯಾಗ ಉಳೀತದ. ನೀ ಕನ್ನಡ ಕಲಸಾಕಿ, ಸೈನ್ಸ್ ನಿನಗೇನ ಗೊತ್ತು!

ಹಂಗ ನೋಡಬ್ಯಾಡ. ಡಾಕ್ಟರ್ ಅಂದದ್ದು ನನಗೂ ಕೇಳಿಸ್ಯದ. ಕಾರಣ ಸಿಗೂಕಿಂತ ಮೊದಲ ಮನಿಗೆ ಕಳಿಸಿದ್ರ ಮತ್ತ ಹಿಂಗ ಆಗ್ತದ, ಮುಂದಿನ ಸಲ ಅವ ಸೇಡಂ ಮುಟ್ಟೂದಿಲ್ಲ ಅಂತ. ಕೇಳಿಸ್ಯದವ್ವ.

ಏ, ಡೈರಿ ಯಾಕ ಕಸಗೊಂಡಿ? ಕೊಡು ಇಲ್ಲಿ… ಬೆರಳು ಯಾಕ ಇಡ್ತಿ? ಹೌದು, ನಲವತ್ತೆಂಟು. ಶುಕ್ರವಾರ. ಇದು ನಲವತ್ತಾರು… ಮಂಗಳವಾರ. ಬುಧವಾರ ನೋಡು, ಬರೇ ಇಪ್ಪತ್ತೆಂಟು! ಗುರುವಾರ ಇಪ್ಪತ್ತಾರು! ಆಮ್ಯಾಲ… ಐವತ್ತು. ಶುಕ್ರವಾರ. ಹಂಗ ಬೀಳ್ತದ ಒಮ್ಮೊಮ್ಮೆ! ಇವತ್ತ ಯಾವ ವಾರ ಅಂತ ನನಗೂ ಗೊತ್ತದ… ಮಂಗಳವಾರ.

ಅಂಬಿಕಾ? ಬೈಯಂಗಿದ್ರ ಬೈ. ಈಗ ಬೇಕಾದ್ರ ನಗು, ನಾ ಏನೂ ಅನ್ನೂದಿಲ್ಲ…

ಲೋಬಾನದ ಹೊಗಿ ಹಾಕಿದೆ. ಪ್ರತಿ ಮಂಗಳವಾರ, ಶುಕ್ರವಾರ.

ತಿಂಗಳ ಹಿಂದ ಬಾಜೂ ಮನಿ ಸಾಬಮ್ಮ ಬಂದು "ಸಾವ್ಕಾರ ಎಷ್ಟ ದಪ್ಪ ಆಗ್ಯಾನ್ರೀ" ಅಂದಳು. ಅವತ್ತ ಸಂಜಿಗೆ ಅವ ಊಟ ಬಿಟ್ಟ. ನನ್ನ ಜೀವ ನಿಲ್ಲಲಿಲ್ಲ. ನೀ ಸಾಲಿಯಿಂದ ಬರೂಕಿಂತ ಮೊದಲ, ನನ್ನ ಕೋಣಿ ಬಾಗಲ ಹಾಕಿ, ಕೆಂಡದ ಮ್ಯಾಲ ಲೋಬಾನ ಉದುರಿಸಿ, ಅವನ ಸುತ್ತ ಮೂರು ಸಲ… ಬಾಗಲ ಯಾಕ ಹಾಕಿದೆ? ವಾಸನಿ ಹೊರಗ ಬಂದ್ರ ನಿಮಗ ತಿಳೀತಿತ್ತು. ದೃಷ್ಟಿಗಂತ ಚೌಕಟ್ಟಿಗೆ ಕಟ್ಟಿದ ನಿಂಬಿಹಣ್ಣು ಕಿತ್ತು ಒಗದಾಕಿ ನಾನು. ನಿಮ್ಮ ಮಾವನ ಮುಂದ ಅಷ್ಟು ಭಾಷಣ ಮಾಡಿದಾಕಿ, ಈಗ ಬೆಕ್ಕಿಗೆ ದೃಷ್ಟಿ ತೆಗೀತಾಳ ಅಂದ್ರ…

ಹೊಗಿ ಬ್ಯಾಡ ಅಂತ ಡಿಸೆಂಬರದಾಗೇ ಡಾಕ್ಟರ್ ಹೇಳಿದ್ರು. ನನ್ನ ಕೈಯಾರೆ ಬರದೀನಿ, ಕೆಳಗ ಗೆರಿ ಸಹಿತ ಎಳದೀನಿ. ಬೀಡಿ ಹೊಗಿ, ಒಲಿ ಹೊಗಿ ಅಂತ ತಿಳಕೊಂಡೆ. ದೇವರ ಹೊಗಿ ಹೊಗಿ ಅಲ್ಲ ಅನ್ಕೊಂಡೆ.

ಬಾಗಲ ತೆಗದ್ರು. ನೀ ಏಳಬ್ಯಾಡ. ನಾನ ಹೋಗಿ ಹೇಳ್ತೀನಿ, ಈ ಮಂದಿ ಎಲ್ಲಾ ಕೇಳಿದ್ರೂ ಅಡ್ಡಿ ಇಲ್ಲ. ಒಂಬತ್ತು ಸಲ ಹೊಗಿ ಹಾಕೀನಿ. ಒಂಬತ್ತು ಸಲ ಅವ ಉಸಿರಿಗೆ ಒದ್ದಾಡ್ಯಾನ. ಇವತ್ತ ಎರಡು ಇಂಜೆಕ್ಷನ್, ಎರಡು ತಾಸು ಆಕ್ಸಿಜನ್. ಇನ್ನ ಮ್ಯಾಲ ದಿನಾ ಮುಂಜಾನಿ ಸಂಜಿ ಮಾರಿಗೆ ಮಾಸ್ಕ್ ಹಿಡದು ಔಷಧದ ಪಂಪು, ಅವ ಇರೂತನಕ ಅಂದಾರ ಡಾಕ್ಟರು. ಮತ್ತ ಹದಿನೈದು ದಿನ ಆಯ್ತು, ನಾ ಕರದ್ರ ಸಾವ್ಕಾರ ಮಂಚದ ಕೆಳಗ ಹೋಗ್ತಾನ. ಅದೊಂದು ನಾ ಬರೀಲಿಲ್ಲ.