ಸರಿ ಬಂತಾ?

ಮಳೆಗೆ ಗುಡ್ಡ ಕುಸಿದು ರಸ್ತೆ ಮುಚ್ಚಿತ್ತು. ಮಣ್ಣು ತೆಗೆಯುವ ಕೂಲಿಗಳು ನಾವು, ಒದ್ದೆ ಬೂಟು ಬಿಚ್ಚಿ ತಗಡಿನ ಶೆಡ್ಡಿನಲ್ಲಿ ಮುದುಡಿ ಕೂತಿದ್ದೆವು. ಮೇಲಿನ ಹಳ್ಳಿಗಳ ಬದುಕಿನ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ಹೊರಟಿದ್ದವನೊಬ್ಬ ನಮ್ಮ ಜೊತೆಯೇ ಸಿಕ್ಕಿಬಿದ್ದಿದ್ದ. ಬಂದ ಗಳಿಗೆಯಿಂದ ನಮ್ಮ ಹರಿದ ಕಾಲ್ಚೀಲಕ್ಕೇ ಕ್ಯಾಮೆರಾ ಹಿಡಿದಿದ್ದ. ಒದೆಯಬೇಕು ಅನ್ನಿಸಿತ್ತು ನನಗೆ. ಹೇಸರಗತ್ತೆ ಮೇಲೆ ಸಾಮಾನು ಸಾಗಿಸುವ ಮುದುಕ, ನಾವೆಲ್ಲ ತಾತ ಅನ್ನುವವನು, ಅವನನ್ನೇ ನೋಡುತ್ತಿದ್ದ. ಆಮೇಲೆ ಬೀಡಿ ಆರಿಸಿದ.

“ನಿನ್ನಂಥೋನೇ ಒಬ್ಬ ಬಂದಿದ್ದ ಕಣಪ್ಪ, ಬಹಳ ಹಿಂದೆ... ಅವನ ಪೆಟ್ಟಿಗೆ ಹೊತ್ತಿದ್ದು ನನ್ನ ಹೇಸರಗತ್ತೆನೇ. ನಮ್ಮಕ್ಕನ ಮನೇಲಿ ಬಿಡಾರ ಹೂಡಿದ. ಅಕ್ಕ ಒಲೆ ಹಚ್ಚೋದು, ಮೇಕೆ ಹಾಲು ಕರೆಯೋದು, ಎಲ್ಲಾ ತೆಗೆಯೋನು, ತೆಗೆದು ‘ಇನ್ನೊಂದ್ಸಲ’ ಅನ್ನೋನು. ಹಚ್ಚಿದ ಒಲೆ ಆರಿಸಿ ಮತ್ತೆ ಹಚ್ಚಬೇಕು! ಬರಿದಾದ ಕೆಚ್ಚಲಿಗೆ ಮತ್ತೆ ಕೈ ಹಾಕಬೇಕು! ‘ಸರಿ ಬಂತಾ?’ ಅಂತ ಕೇಳೋಳು ಅಕ್ಕ, ಪಾಪ. ಅವನು ‘ಓಕೆ’ ಅನ್ನೋವರೆಗೂ ಕೆಲಸ ಮುಗಿಯಲ್ಲ ಅಂತ ಅವಳ ತಲೇಲಿ ಕೂತ್ಬಿಡ್ತು.

ಜ್ವರ ಬಂದು ಸತ್ಲು. ಹೆಣಾನ ಬಾಗಿಲು ದಾಟಿಸಿ ಅಂಗಳಕ್ಕೆ ತಂದ್ರು... ಆ ನಾಯಿ ಏನಂದ ಗೊತ್ತಾ? ‘ಬೆಳಕು ಸಾಲ್ದು, ಒಳಗೆ ತಗೊಂಡ್ಹೋಗಿ ಇನ್ನೊಂದ್ಸಲ ತನ್ನಿ!’ ಅತ್ತತ್ತು ಸುಸ್ತಾಗಿದ್ದ ಅಕ್ಕನ ಮಗಳಿಗೆ, ‘ಕಣ್ಣೊರೆಸ್ಕೊಂಡು ಮೊದಲಿಂದ ಅಳಮ್ಮಾ’ ಅಂದ. ಥೂ! ದಿಕ್ಕು ತೋಚದ ಜನ, ಹೇಳಿದಂಗೆ ಮಾಡಿದ್ರು. ಎರಡನೇ ಸಲ ತರೋವಾಗ ಮಳೆ ಸುರೀತು. ಕ್ಯಾಮೆರಾನ ಕೂಸಿನಂಗೆ ತಬ್ಕೊಂಡು ಓಡಿದ. ಓಕೆ ಅನ್ನಲೇ ಇಲ್ಲ ಕಣ್ರೋ...

ಮಣ್ಣು ಮಾಡಿದ ಮಾರನೇ ಸಂಜೆ ಮನೆ ಬಾಗಿಲು ತಾನಾಗೇ ತೆರ್ಕೊಳ್ತು. ಮೈಯೆಲ್ಲ ಕೆಸರು, ಸುತ್ತಿದ ಬಟ್ಟೆ ಎಳ್ಕೊಂಡು ಅಕ್ಕ ಒಳಗಿಂದ ಬಂದ್ಲು. ಅಂಗಳದಲ್ಲಿ ನಿಂತು, ‘ಸರಿ ಬಂತಾ?’ ಅಂದ್ಲು. ‘ಬಂತಮ್ಮಾ, ಹೋಗು’ ಅಂತ ಮಗಳು ಕಾಲಿಗೆ ಬಿದ್ಲು. ಮಗಳ ಮಾತು ಯಾರಿಗೆ ಬೇಕು? ಕ್ಯಾಮೆರಾದೋನು ಹೇಳ್ಬೇಕಲ್ಲ! ತಿರುಗಿ ಒಳಗೆ ಹೋದ್ಲು. ದಿನಾ ಇದೇ. ದಿನದಿನಕ್ಕೂ ಕೊಳೀತಾ ಬಂದ್ಲು... ಆ ವಾಸನೆಗೆ ಹುಡುಗಿ ಅನ್ನ ಬಿಟ್ಲು.

ಕೊನೆಗೆ ಹುಡುಗಿ ಪಟ್ಟಣಕ್ಕೆ ಹೋಗಿ ಕೈ ಮುಗಿದ್ಲು, ‘ಓಕೆ ಅಂತ ಒಂದು ಮಾತು ಹೇಳಿ ಸಾರ್, ನಮ್ಮಮ್ಮ ಮಲಗ್ಲಿ.’ ಬಂದ! ಕ್ಯಾಮೆರಾ ಹೊತ್ಕೊಂಡೇ ಬಂದ! ಬಾಗಿಲು ತೆರೀತು, ಅಕ್ಕ ಬಂದ್ಲು, ದವಡೆ ಜೋತಾಡ್ತಿತ್ತು... ‘ಸರಿ ಬಂತಾ?’ ಎರಡಕ್ಷರ ಹೇಳೋಕೆ ಏನು ರೋಗ ಅವನಿಗೆ? ಕ್ಯಾಮೆರಾದಿಂದ ಕಣ್ಣು ತೆಗೀದೇ, ‘ಫೋಕಸ್ ಹೋಯ್ತು, ಇನ್ನೊಂದ್ಸಲ’ ಅಂದ. ಅಕ್ಕ ಅವನ ಕೈ ಹಿಡ್ಕೊಂಡು ಒಳಗೆ ಕರ್ಕೊಂಡ್ಹೋದ್ಲು, ಬಾಗಿಲು ಮುಚ್ಕೊಳ್ತು. ನಾವು ಬಾಗಿಲು ಒಡೆದು ನೋಡಿದ್ರೆ ಕ್ಯಾಮೆರಾ ಇತ್ತು, ಅವನಿರಲಿಲ್ಲ. ಅವತ್ತಿಂದ ಆ ಮನೇಲಿ ಅವಳಿಲ್ಲ. ಎಲ್ಲಿ ಯಾರು ಕ್ಯಾಮೆರಾ ಹಿಡಿದ್ರೂ ಅಲ್ಲಿಗೆ ಹೋಗ್ತಾಳೆ.”

ತಗಡಿನ ಮೇಲೆ ಮಳೆ ಬಡಿಯುತ್ತಿತ್ತು. ಸಿನಿಮಾದವನು ಲೆನ್ಸು ಒರೆಸುತ್ತ ನಕ್ಕ. “ಅದ್ಭುತ ತಾತ! ಆದ್ರೆ ಮಳೆ ಸದ್ದಲ್ಲಿ ಮಾತೇ ರೆಕಾರ್ಡ್ ಆಗಿಲ್ಲ. ಇನ್ನೊಂದ್ಸಲ ಹೇಳ್ತೀರಾ?”

ಶೆಡ್ಡಿನೊಳಗೆ ಕೊಳೆತ ವಾಸನೆ ಹರಡಿತು. ಅಗುಳಿ ಹಾಕಿದ್ದ ಬಾಗಿಲು ಮೆಲ್ಲಗೆ ಕಿರುಗುಟ್ಟಿತು.

ತಾತ ಕಾಲು ಮೇಲೆಳೆದುಕೊಂಡ.

“ನನ್ನ ಕಡೆ ಯಾಕಪ್ಪ ನೋಡ್ತೀಯ, ಆ ಕಡೆ ತಿರುಗು. ಏನು ಕಂಡ್ರೂ ಸರಿ... ಓಕೆ ಅನ್ನು.”