ಆರು ಗಂಟೆಯ ದೀಪ

"ಹಡಗು ಬಂದ ದಿನವೇ ಅವನು ಬೆಂಕಿ ಹಚ್ಚಿರಲಿಲ್ಲ ನೋಡಕ್ಕ, ಅಲ್ಲೇ ಅವನು ಕೆಟ್ಟಿದ್ದು!"

ಆಸ್ಪತ್ರೆಯ ಮೂರನೇ ಮಹಡಿಯಲ್ಲಿ ನನ್ನ ಪಕ್ಕ ಕೂತಿದ್ದ ಅಕ್ಕತಂಗಿಯರು ಹಿಂದಿನ ದಿನ ನೋಡಿದ ಸಿನಿಮಾದ ಮಾತಾಡುತ್ತಿದ್ದರು. ತಂಗಿಯ ತಲೆಯಲ್ಲಿ ಒಂದು ಕೂದಲೂ ಇರಲಿಲ್ಲ.

"ಸೋಂಕು ತಗಲಬಾರದು ಅಂತ ಇವತ್ತಿಂದ ಒಂದು ತಿಂಗಳು ಒಬ್ಬಳೇ ಇರಬೇಕಾದೋಳಿಗೆ ಒಂಟಿ ದ್ವೀಪದ ಸಿನಿಮಾನೇ ಬೇಕಿತ್ತಾ?"

"ಅದಕ್ಕೇ ನೋಡಿದ್ದು. ನೀನು ಸಂಜೆ ಆರಕ್ಕೆ ಕೆಳಗೆ ಬಸ್ ನಿಲ್ದಾಣದಲ್ಲಿ ನಿಂತ್ಕೋ. ಕಿಟಕಿ ಹತ್ರ ಇರೋ ದೀಪ ದಿನಾ ಮೂರು ಸಲ ಹಾಕಿ ಆರಿಸ್ತೀನಿ."

"ಸುಸ್ತಾದ ದಿನ?"

"ತೆವಳ್ಕೊಂಡು ಹೋಗಿಯಾದ್ರೂ ಹಾಕ್ತೀನಿ."

"ನನಗೆ ಬಸ್ ತಪ್ಪಿದ್ರೆ?"

"ಆಗಲೂ ಹಾಕ್ತೀನಿ. ಹಡಗು ಕಂಡ್ಮೇಲೆ ಕಟ್ಟಿಗೆ ಹುಡುಕೋಳಲ್ಲ ನಾನು."

"ಹಠಮಾರಿ ಕಣೇ ನೀನು!"

"ಮೂಗು ಒರೆಸ್ಕೋ. ಟೊಮೇಟೊ ಥರ ಆಗಿದೆ."

ನರ್ಸ್ ಕರೆದರು. ತಂಗಿ ಚಪ್ಪಲಿ ಬಿಟ್ಟು ಗಾಜಿನ ಬಾಗಿಲು ದಾಟಿದಳು. ಅಕ್ಕ ಆ ಚಪ್ಪಲಿಗಳನ್ನು ಚೀಲಕ್ಕೆ ಹಾಕಿಕೊಂಡು ಮೆಟ್ಟಿಲಿಳಿದಳು.

ನಾನು ಬಸ್ ನಿಲ್ದಾಣಕ್ಕೆ ಬಂದಾಗ ಅವಳು ತಲೆಯೆತ್ತಿ ಅಲ್ಲೇ ನಿಂತಿದ್ದಳು. ಗಂಟೆ ಇನ್ನೂ ಹನ್ನೆರಡು. ಮೂರನೇ ಮಹಡಿಯ ಒಂದು ಕಿಟಕಿಯಲ್ಲಿ, ಬಿಸಿಲಿಗೆ ಮಂಕಾಗಿ, ದೀಪವೊಂದು ಮೂರು ಸಲ ಹೊತ್ತಿ ಆರಿತು.